ನೀರು ಬೀಳದಿದ್ದರೆ ಏನು ಎಂಬುದನ್ನೂ ಬರೆಸಿಕೊಳ್ಳಿ

ಮಾನ್ಯ ಸಂಪಾದಕರೇ,

ಅಂಗೈ ಮೇಲೆ ತೆಂಗಿನಕಾಯಿ ಅಡ್ಡ ಇಟ್ಟುಕೊಂಡು ನಡೆದು, ಅದು ಎದ್ದು ನಿಂತಲ್ಲಿ ನೀರಿದೆ ಎಂದು ಬೋರ್‌ವೆಲ್ ಪಾಯಿಂಟ್ ಗುರುತಿಸುವವರ ಬಗ್ಗೆ ನಿಮ್ಮ ಪತ್ರಿಕೆಯಲ್ಲಿ ಬಂದ ಲೇಖನವನ್ನೂ ಅದಕ್ಕೆ ಬಂದ ಪ್ರತಿಕ್ರಿಯೆಗಳನ್ನೂ ಓದಿದೆ. ಒಂದಷ್ಟು ಜನ ‘ಇದು ನಮ್ಮ ಹಿರಿಯರ ವಿಜ್ಞಾನ’ ಎಂದು ಬರೆದಿದ್ದಾರೆ. ಉಳಿದವರು ‘ಅಪ್ಪಟ ಮೂಢನಂಬಿಕೆ’ ಎಂದು ಒಂದೇ ಸಾಲಿನಲ್ಲಿ ಮುಗಿಸಿದ್ದಾರೆ. ಏನಾದರೆ ತನ್ನ ವಿಧಾನ ತಪ್ಪು ಎಂದು ಪಾಯಿಂಟ್ ಹಾಕಿದವರು ಒಪ್ಪುತ್ತಾರೆ ಎಂಬ ಪ್ರಶ್ನೆಯನ್ನು ಮಾತ್ರ ಎರಡೂ ಕಡೆಯವರು ಕೇಳಿಲ್ಲ. ವಿಜ್ಞಾನ ಯಾವುದು, ಯಾವುದಲ್ಲ ಎಂಬ ಜಗಳದಲ್ಲಿ ಮೊದಲು ಇತ್ಯರ್ಥವಾಗಬೇಕಾದದ್ದು ಇದೇ.

ನೀರು ಬಿದ್ದರೆ ಕೀರ್ತಿ ತೆಂಗಿನಕಾಯಿಗೆ. ಬೀಳದಿದ್ದರೆ ಉತ್ತರಗಳು ಸಾಲುಗಟ್ಟಿ ನಿಂತಿರುತ್ತವೆ. ರಿಗ್ಗಿನವನು ಕಡ್ಡಿ ನೆಟ್ಟ ಜಾಗದಿಂದ ಎರಡಡಿ ಆಚೆ ಕೊರೆದ. ಇನ್ನೊಂದು ಐವತ್ತಡಿ ಹೋಗಬೇಕಿತ್ತು. ಪಕ್ಕದ ತೋಟದವರು ಕೊರೆಸಿದ ಮೇಲೆ ಸೆಲೆ ಆ ಕಡೆ ತಿರುಗಿತು. ಜಮೀನಿಗೆ ಮೈಲಿಗೆಯಾಗಿತ್ತು. ನಂಬಿಕೆ ಇಲ್ಲದವರು ಪಕ್ಕದಲ್ಲಿ ನಿಂತಿದ್ದರು. ಇವೆಲ್ಲ ಒಂದೇ ಬಗೆಯ ಉತ್ತರಗಳಲ್ಲ ಎಂಬುದನ್ನು ಗಮನಿಸಬೇಕು. ಐವತ್ತಡಿಯ ಮಾತನ್ನು ಐವತ್ತಡಿ ಕೊರೆದು ನೋಡಬಹುದು. ಪಕ್ಕದ ತೋಟದ ಮಾತನ್ನೂ ಪರೀಕ್ಷಿಸಬಹುದು: ಆ ಬೋರಿನ ಮೋಟರ್ ಒಂದು ದಿನ ನಿಲ್ಲಿಸಿ, ಒಂದು ದಿನ ಓಡಿಸಿ, ಇಲ್ಲಿಯ ಕೊಳವೆಯಲ್ಲಿ ನೀರಿನ ಮಟ್ಟ ಏರಿಳಿಯುತ್ತದೆಯೇ ಎಂದು ಅಳೆದರಾಯಿತು. ಮೈಲಿಗೆ ಮತ್ತು ನಂಬಿಕೆಯ ಮಾತುಗಳನ್ನು ಪರೀಕ್ಷಿಸುವ ದಾರಿಯೇ ಇಲ್ಲ. ಅವನ್ನು ಒಮ್ಮೆ ಒಳಗೆ ಬಿಟ್ಟುಕೊಂಡರೆ ಎಂಥ ಫಲಿತಾಂಶ ಬಂದರೂ ವಿಧಾನ ಸರಿಯಾಗಿಯೇ ಉಳಿಯುತ್ತದೆ, ಅಂದರೆ ಅದು ನೆಲದ ಬಗ್ಗೆ ನಮಗೆ ಏನನ್ನೂ ಹೇಳಿದಂತಾಗುವುದಿಲ್ಲ.

ವಿಯೆನ್ನಾದ ತತ್ತ್ವಜ್ಞಾನಿ ಕಾರ್ಲ್ ಪಾಪರ್ 1934ರಲ್ಲಿ ಪುಸ್ತಕವಾಗಿ ಮುಂದಿಟ್ಟ ವಾದ ಇದೇ. ಒಂದು ಸಿದ್ಧಾಂತಕ್ಕೆ ಎಷ್ಟು ಸಾಕ್ಷಿ ಕೂಡಿತು ಎಂಬುದಕ್ಕಿಂತ, ಅದು ಯಾವುದು ಆಗಕೂಡದು ಎನ್ನುತ್ತದೆ ಎಂಬುದನ್ನು ನೋಡಿ ಎಂದರು ಅವರು. ಸುಳ್ಳಾಗುವ ಅವಕಾಶವನ್ನು ತಾನೇ ತೆರೆದಿಡುವ ಈ ಗುಣಕ್ಕೆ ಫಾಲ್ಸಿಫಯಬಿಲಿಟಿ ಎಂಬ ಹೆಸರು ನಿಂತಿದೆ. ಅವರನ್ನು ಆ ದಾರಿಗೆ ಹಚ್ಚಿದ ಘಟನೆಗಳಲ್ಲಿ ದೊಡ್ಡದು 1919ರ ಮೇ 29ರ ಸೂರ್ಯಗ್ರಹಣ. ಸೂರ್ಯನ ಅಂಚನ್ನು ಸವರಿಕೊಂಡು ಬರುವ ನಕ್ಷತ್ರದ ಬೆಳಕು 1.75 ಆರ್ಕ್‌ಸೆಕೆಂಡ್ (ಡಿಗ್ರಿಯ 3,600ರಲ್ಲಿ ಒಂದು ಪಾಲು ಒಂದು ಆರ್ಕ್‌ಸೆಕೆಂಡ್) ಬಾಗಬೇಕು ಎಂದು ಐನ್‌ಸ್ಟೈನ್ ಲೆಕ್ಕ ಹೇಳಿತ್ತು. ನ್ಯೂಟನ್ನನ ಹಾದಿಯಲ್ಲಿ ಹೋದರೆ ಸಿಗುವುದು ಅದರ ಅರ್ಧ, 0.87. ಬ್ರಿಟಿಷ್ ಖಗೋಳಜ್ಞರ ಎರಡು ತಂಡಗಳು ಬ್ರೆಜಿಲ್‌ನ ಸೊಬ್ರಾಲ್‌ಗೂ ಆಫ್ರಿಕಾದ ಪಶ್ಚಿಮ ಕರಾವಳಿಯ ಪ್ರಿನ್ಸಿಪಿ ದ್ವೀಪಕ್ಕೂ ಹೋದವು. ಸೊನ್ನೆಯೋ ಅರ್ಧವೋ ಬಂದಿದ್ದರೆ ಐನ್‌ಸ್ಟೈನರ ಸಾಮಾನ್ಯ ಸಾಪೇಕ್ಷತೆಯ ಸಿದ್ಧಾಂತ ಅಲ್ಲಿಗೇ ಸಂಕಟಕ್ಕೆ ಬೀಳುತ್ತಿತ್ತು.

ಆ ಕಥೆಯನ್ನು ನಮ್ಮ ಪಠ್ಯಗಳು ಹೇಳುವಷ್ಟು ನಯವಾಗಿ ಹೇಳಲು ಬರುವುದಿಲ್ಲ. ಸೊಬ್ರಾಲ್‌ನ ಚಿಕ್ಕ ದೂರದರ್ಶಕ 1.98 ಕೊಟ್ಟಿತು. ಮೋಡದ ನಡುವೆ ತೆಗೆದ ಪ್ರಿನ್ಸಿಪಿಯ ಛಾಯಾಚಿತ್ರ ಫಲಕಗಳು 1.61 ಕೊಟ್ಟವು. ಸೊಬ್ರಾಲ್‌ನಲ್ಲೇ ಇದ್ದ ಇನ್ನೊಂದು ದೂರದರ್ಶಕದ ಫಲಕಗಳಿಂದ ಬಂದದ್ದು 0.93, ಅಂದರೆ ನ್ಯೂಟನ್ನನ ಪಕ್ಕದ ಅಂಕಿ. ಅದರ ಫೋಕಸ್ ಕೆಟ್ಟಿತ್ತು ಎಂದು ಆ ಅಂಕಿಯನ್ನು ಬದಿಗಿಟ್ಟರು. ‘ಇದೂ ತೆಂಗಿನಕಾಯಿಯವರು ಹೇಳುವ ನೆಪದಂತೆಯೇ ಅಲ್ಲವೇ?’ ಎಂದು ಯಾರಾದರೂ ಕೇಳಿದರೆ ಸಿಟ್ಟಾಗಬೇಕಿಲ್ಲ, ಪ್ರಶ್ನೆ ನ್ಯಾಯವಾದದ್ದೇ. ವ್ಯತ್ಯಾಸ ಮುಂದಿನ ಹೆಜ್ಜೆಯಲ್ಲಿದೆ. ನೆಪವನ್ನು ಅಲ್ಲಿಗೇ ಬಿಡಲಿಲ್ಲ. 1922ರ ಗ್ರಹಣದಲ್ಲಿ ಬೇರೆ ದೇಶದ, ಬೇರೆ ಉಪಕರಣದ ಜನ, ಅಮೆರಿಕದ ಲಿಕ್ ವೀಕ್ಷಣಾಲಯದವರು, ಆಸ್ಟ್ರೇಲಿಯಾದ ವಲ್ಲಾಲ್‌ಗೆ ಹೋಗಿ ಮತ್ತೆ ಅಳೆದರು. 1.75ರ ಹತ್ತಿರವೇ ಬಂತು.

ಸಿದ್ಧಾಂತಕ್ಕೆ ತೇಪೆ ಹಾಕುವುದೇ ಅಪರಾಧವಲ್ಲ. ಯುರೇನಸ್ ಲೆಕ್ಕದ ಹಾದಿಯಲ್ಲಿ ಚಲಿಸುತ್ತಿಲ್ಲ ಎಂದು ಗೊತ್ತಾದಾಗ ಖಗೋಳಜ್ಞರು ನ್ಯೂಟನ್ನನನ್ನು ಕೈಬಿಡಲಿಲ್ಲ. ಆಚೆ ಇನ್ನೊಂದು ಗ್ರಹ ಇರಬೇಕು ಎಂದರು. ಆದರೆ ಫ್ರಾನ್ಸಿನ ಖಗೋಳಜ್ಞ ಲ ವೆರಿಯೆ ಆ ಗ್ರಹ ಆಕಾಶದ ಯಾವ ಜಾಗದಲ್ಲಿದೆ ಎಂದು ಅಂಕಿಯಲ್ಲಿ ಬರೆದು ಬರ್ಲಿನ್‌ಗೆ ಕಳಿಸಿದ. 1846ರ ಸೆಪ್ಟೆಂಬರ್ 23ರ ರಾತ್ರಿ ಅಲ್ಲಿಯ ಖಗೋಳಜ್ಞ ಗಾಲೆ ಹುಡುಕಿದಾಗ ನೆಪ್ಚೂನ್ ಹೇಳಿದ ಜಾಗದಿಂದ ಒಂದು ಡಿಗ್ರಿಯೊಳಗೆ ಸಿಕ್ಕಿತು. ಅದೇ ಲ ವೆರಿಯೆ ಬುಧ ಗ್ರಹದ ಚಲನೆಯಲ್ಲಿ ಲೆಕ್ಕಕ್ಕೆ ಸಿಗದ ಸಣ್ಣ ವ್ಯತ್ಯಾಸಕ್ಕೂ ಅದೇ ಮದ್ದು ಅರೆದ. ಸೂರ್ಯನ ಹತ್ತಿರ ‘ವಲ್ಕನ್’ ಎಂಬ ಗ್ರಹ ಇದೆ ಎಂದ. ದಶಕಗಳ ಕಾಲ ಹುಡುಕಿದರೂ ಸಿಗಲಿಲ್ಲ. ಶತಮಾನಕ್ಕೆ 43 ಆರ್ಕ್‌ಸೆಕೆಂಡಿನ ಆ ವ್ಯತ್ಯಾಸಕ್ಕೆ 1915ರಲ್ಲಿ ಐನ್‌ಸ್ಟೈನ್ ಬೇರೆ ಉತ್ತರ ಕೊಟ್ಟ ಮೇಲೆ ವಲ್ಕನ್ ಕಥೆ ಮುಗಿಯಿತು. ಒಬ್ಬನೇ ಮನುಷ್ಯ, ಒಂದೇ ಬಗೆಯ ತೇಪೆ. ಒಂದು ನಿಂತಿತು, ಒಂದು ಹರಿಯಿತು. ಎರಡೂ ವಿಜ್ಞಾನವೇ. ಏಕೆಂದರೆ ಎರಡಕ್ಕೂ ದೂರದರ್ಶಕ ತಿರುಗಿಸಿ ನೋಡಲು ಒಂದು ಜಾಗವಿತ್ತು.

ಈಗ ‘ಹಿರಿಯರ ವಿಜ್ಞಾನ’ದ ಮಾತಿಗೆ ಬರೋಣ. ಪರಂಪರೆಯ ಹೆಸರು ಹೇಳುವವರು ಆರನೆಯ ಶತಮಾನದ ವರಾಹಮಿಹಿರನ ಬೃಹತ್ಸಂಹಿತೆಯಲ್ಲಿ ನೆಲದಡಿಯ ನೀರು ಹುಡುಕುವ ಬಗೆ ಹೇಳುವ ‘ದಕಾರ್ಗಲ’ ಎಂಬ ಅಧ್ಯಾಯವನ್ನು ಒಮ್ಮೆ ತೆರೆದು ನೋಡಬೇಕು. ಅಲ್ಲಿ ಮಾತು ಹೀಗೆ ಸಾಗುತ್ತದೆ: ನೀರಿಲ್ಲದ ಸೀಮೆಯಲ್ಲಿ ವೇತಸ ಗಿಡ ಕಂಡರೆ ಅದರಿಂದ ಪಶ್ಚಿಮಕ್ಕೆ ಮೂರು ಮೊಳ ಬಿಟ್ಟು ಅಗೆ, ಒಂದೂವರೆ ಪುರುಷ ಆಳದಲ್ಲಿ ಪಶ್ಚಿಮದ ಸೆಲೆ ಹರಿಯುತ್ತದೆ. ಅರ್ಧ ಪುರುಷ ಅಗೆದಾಗ ಬಿಳಿಚು ಬಣ್ಣದ ಕಪ್ಪೆ, ಆಮೇಲೆ ಹಳದಿ ಮಣ್ಣು, ಆಮೇಲೆ ಪದರ ಪದರವಾದ ಕಲ್ಲು, ಅದರ ಕೆಳಗೆ ನೀರು. ಜಂಬೂ ನೇರಳೆ ಮರವಾದರೆ ಉತ್ತರಕ್ಕೆ ಮೂರು ಮೊಳ, ಎರಡು ಪುರುಷ ಆಳ. ಪುರುಷ ಎಂದರೆ ಕೈ ಎತ್ತಿ ನಿಂತ ಆಳಿನ ಎತ್ತರ.

ಈ ಮಾತು ಸರಿಯೋ ತಪ್ಪೋ ಬೇರೆ ವಿಚಾರ. ಅದರ ಕಟ್ಟು ನೋಡಿ. ಯಾವ ಗಿಡ, ಯಾವ ದಿಕ್ಕು, ಎಷ್ಟು ದೂರ, ಎಷ್ಟು ಆಳ, ದಾರಿಯಲ್ಲಿ ಯಾವ ಯಾವ ಗುರುತು ಎಂದು ಸಾಲು ಸಾಲಾಗಿ ಹೇಳಿ ಆತ ತನ್ನನ್ನು ತಾನೇ ಕಟ್ಟಿಹಾಕಿಕೊಂಡಿದ್ದಾನೆ. ಗುದ್ದಲಿ ಇದ್ದವರು ಯಾರಾದರೂ ಅಗೆದು ‘ಸ್ವಾಮೀ, ಕಪ್ಪೆಯೂ ಇಲ್ಲ, ಹಳದಿ ಮಣ್ಣೂ ಇಲ್ಲ’ ಎಂದು ಹೇಳಬಹುದು. ನಮ್ಮ ಗಟ್ಟಿಶಿಲೆಯ ಬಯಲುಸೀಮೆಯಲ್ಲಿ ಅವುಗಳಲ್ಲಿ ಹಲವು ಸುಳ್ಳಾಗುವುದೂ ಖಂಡಿತ. ಆದರೆ ಸುಳ್ಳಾಗಬಲ್ಲ ಮಾತು ವಿಜ್ಞಾನದ ಹೊಸ್ತಿಲೊಳಗೆ ಬರುತ್ತದೆ. ಸುಳ್ಳಾದ ಮೇಲೂ ಅದನ್ನೇ ಹಿಡಿದು ಕೂತರೆ ಮಾತ್ರ ಹೊರಗೆ ಹೋಗುತ್ತದೆ. ತಪ್ಪು ವಿಜ್ಞಾನ ಬೇರೆ, ವಿಜ್ಞಾನವಲ್ಲದ್ದು ಬೇರೆ. ಈ ಲೆಕ್ಕದಲ್ಲಿ ಆಳವನ್ನೂ ಹೇಳದೆ, ಪ್ರಮಾಣವನ್ನೂ ಹೇಳದೆ ‘ಇಲ್ಲಿ ನೀರಿದೆ’ ಎನ್ನುವ ಇವತ್ತಿನ ತೆಂಗಿನಕಾಯಿಗಿಂತ ಸಾವಿರದೈನೂರು ವರ್ಷ ಹಿಂದಿನ ವರಾಹಮಿಹಿರನೇ ವಿಜ್ಞಾನಕ್ಕೆ ಹತ್ತಿರ.

ಇದೇ ಕೋಲಿನಿಂದ ಭೂವಿಜ್ಞಾನಿಗಳನ್ನೂ ಅಳೆಯಬೇಕು. ವಿದ್ಯುತ್ ಪ್ರತಿರೋಧ ಸಮೀಕ್ಷೆಯಲ್ಲಿ ನಾಲ್ಕು ಕಬ್ಬಿಣದ ಗೂಟಗಳನ್ನು ಒಂದೇ ಸಾಲಿನಲ್ಲಿ ನೆಟ್ಟು, ಹೊರಗಿನ ಎರಡರಿಂದ ಕರೆಂಟ್ ಹರಿಸಿ, ಒಳಗಿನ ಎರಡರ ನಡುವೆ ವೋಲ್ಟೇಜ್ ಅಳೆಯುತ್ತಾರೆ. ಹೊರಗಿನ ಗೂಟಗಳನ್ನು ದೂರ ಸರಿಸುತ್ತ ಹೋದಂತೆ ಆಳದ ಮಾಹಿತಿ ಸಿಗುತ್ತದೆ. ಒಡೆಯದ ಗ್ರಾನೈಟಿನ ಪ್ರತಿರೋಧ ಸಾಮಾನ್ಯವಾಗಿ ಸಾವಿರ ಓಮ್-ಮೀಟರ್ ಮೀರುತ್ತದೆ. ಹುಡಿಯಾಗಿ ನೀರು ಕುಡಿದ ಕಲ್ಲು ಹತ್ತಾರರಿಂದ ನೂರಿನ ಆಸುಪಾಸಿಗೆ ಇಳಿಯುತ್ತದೆ. ಇಲ್ಲಿ ಕೆಡುವುದಕ್ಕೂ ದಾರಿಗಳು ಬೇಕಾದಷ್ಟಿವೆ. ಜೇಡಿಮಣ್ಣು ಕೂಡ ಕಡಿಮೆ ಅಂಕಿಯನ್ನೇ ತೋರಿಸುತ್ತದೆ, ಅದರಿಂದ ಬೋರಿಗೆ ನೀರು ಬಾರದು. ತಂತಿಬೇಲಿ, ನೆಲದಡಿಯ ಕಬ್ಬಿಣದ ಪೈಪು, ಹತ್ತಿರದ ವಿದ್ಯುತ್ ಲೈನ್ ಓದುವಿಕೆಯನ್ನು ಹಾಳು ಮಾಡುತ್ತವೆ. ಐನೂರು ಅಡಿ ಕೆಳಗಿನ ಅಂಗೈ ದಪ್ಪದ ಬಿರುಕು ಮೇಲಿನಿಂದ ಕಾಣುವುದೇ ಇಲ್ಲ. ಆದರೂ ವರದಿಯಲ್ಲಿ ‘60 ಅಡಿಯವರೆಗೆ ಹುಡಿಕಲ್ಲು, ಆಮೇಲೆ ಗಟ್ಟಿಕಲ್ಲು’ ಎಂದು ಬರೆದಿದ್ದರೆ, ಕೊರೆಯುವಾಗ ಹತ್ತಡಿಗೊಮ್ಮೆ ತೆಗೆದಿಟ್ಟ ಕಲ್ಲಿನ ಪುಡಿಯೂ ಹುಡಿಕಲ್ಲು ಕುಸಿಯದಂತೆ ಇಳಿಸಿದ ಕೇಸಿಂಗ್ ಪೈಪಿನ ಉದ್ದವೂ ಅದನ್ನು ಸರಿ ಅಥವಾ ತಪ್ಪು ಎಂದು ತೋರಿಸಿಬಿಡುತ್ತವೆ. ನೀರು ಸಿಗದಿದ್ದರೂ ಕಲಿಯುವುದಕ್ಕೆ ಏನೋ ಉಳಿಯುತ್ತದೆ. ಅದರ ಬದಲು ಶುಲ್ಕ ಪಡೆದು ‘ಈ ಜಾಗದಲ್ಲಿ ಅಂತರ್ಜಲ ದೊರೆಯುವ ಸಾಧ್ಯತೆ ಇದೆ’ ಎಂಬ ಒಂದೇ ಸಾಲು ಬರೆದು ಮೊಹರು ಒತ್ತಿದರೆ, ಆ ಕಾಗದಕ್ಕೂ ತೆಂಗಿನಕಾಯಿಗೂ ಏನೂ ವ್ಯತ್ಯಾಸವಿಲ್ಲ. ಯಂತ್ರ ದುಬಾರಿ ಎಂಬುದೊಂದೇ ಹೆಚ್ಚಿಗೆ.

ಹಾಗಾದರೆ ಕಾಯಿ ಎದ್ದು ನಿಲ್ಲುವುದು ಸುಳ್ಳೇ? ಅಲ್ಲ, ನಿಲ್ಲುತ್ತದೆ. ಹಿಡಿದವರು ಬೇಕೆಂದು ಮೋಸ ಮಾಡುತ್ತಾರೆ ಎನ್ನುವುದೂ ಬಹಳ ಸಲ ಅನ್ಯಾಯ. ಅಂಗೈ ಮೇಲೆ ಅಡ್ಡ ಮಲಗಿದ ಕಾಯಿ ಭದ್ರವಾಗಿ ಕೂತಿರುವುದಿಲ್ಲ. ಬೆರಳ ತುದಿ ಒಂದಿಷ್ಟು ಇಳಿದರೂ ಹೊರಳುತ್ತದೆ. ಕೆಲವರು ಕಾಯಿಯ ಬದಲು ಬಳಸುವ ಕವಲುಕಡ್ಡಿಯನ್ನು ಎರಡೂ ಕೈಯಲ್ಲಿ ಹೊರಕ್ಕೆ ಎಳೆದು ಹಿಡಿದಾಗ ಅದು ಬಿಲ್ಲಿನಂತೆ ಬಿಗಿದಿರುತ್ತದೆ, ಮಣಿಕಟ್ಟು ಕೂದಲೆಳೆಯಷ್ಟು ತಿರುಗಿದರೆ ತುದಿ ಫಟ್ಟನೆ ಬಾಗುತ್ತದೆ. ಇಲ್ಲಿ ನೀರಿರಬಹುದು ಎಂದು ಮನಸ್ಸು ಎಣಿಸಿದರೆ ಸಾಕು, ಸ್ನಾಯು ನಮಗೆ ಗೊತ್ತಾಗದಂತೆ ಕೆಲಸ ಮಾಡುತ್ತದೆ. 1852ರಲ್ಲಿ ಇಂಗ್ಲೆಂಡಿನ ವಿಲಿಯಂ ಕಾರ್ಪೆಂಟರ್ ಇದಕ್ಕೆ ಐಡಿಯೋಮೋಟರ್ ಎಂದು ಹೆಸರಿಟ್ಟ. ಮರುವರ್ಷ ಮೈಕೆಲ್ ಫ್ಯಾರಡೆ, ಸುತ್ತ ಕೂತವರ ಕೈಕೆಳಗೆ ಮೇಜು ತಾನಾಗಿ ತಿರುಗುತ್ತದೆ ಎಂಬ ಆ ಕಾಲದ ಹುಚ್ಚನ್ನು ಪರೀಕ್ಷೆಗೆ ಇಟ್ಟ. ಕೈಗೂ ಮೇಜಿಗೂ ನಡುವೆ ರಟ್ಟಿನ ಹಾಳೆಗಳನ್ನು ಮೆತ್ತನೆಯ ಅಂಟಿನ ಉಂಡೆಗಳಿಂದ ಒಂದರ ಮೇಲೊಂದು ಕೂಡಿಸಿದ. ಮೇಜು ಕೈಯನ್ನು ಎಳೆಯುತ್ತಿದ್ದರೆ ಕೆಳಗಿನ ಹಾಳೆ ಮುಂದೆ ಸರಿದಿರಬೇಕು, ಕೈ ಮೇಜನ್ನು ತಳ್ಳುತ್ತಿದ್ದರೆ ಮೇಲಿನದು. ಸರಿದದ್ದು ಮೇಲಿನದು. ಆಮೇಲೆ ಕೈಯ ಚಲನೆ ತೋರಿಸುವ ಒಂದು ಕಡ್ಡಿಯನ್ನು ಜೋಡಿಸಿ ಅದು ಕೂತವರ ಕಣ್ಣಿಗೆ ಬೀಳುವಂತೆ ಇಟ್ಟ. ಮೇಜು ತಿರುಗುವುದೇ ನಿಂತಿತು.

‘ಆದರೆ ನಮ್ಮೂರಿನವರು ಹಾಕಿದ ಹತ್ತರಲ್ಲಿ ಏಳು ಬೋರಿಗೆ ನೀರು ಬಿದ್ದಿದೆ’ ಎಂಬ ಮಾತು ನಿಮ್ಮ ಲೇಖನದಲ್ಲೂ ಇತ್ತು. ಆ ಊರಿನಲ್ಲಿ ಸುಮ್ಮನೆ ಎಲ್ಲಿ ಕೊರೆದರೂ ಹತ್ತರಲ್ಲಿ ಆರಕ್ಕೆ ನೀರು ಬೀಳುತ್ತದೆ ಎಂದಿಟ್ಟುಕೊಳ್ಳಿ. ಆಗ ಏನೂ ಗೊತ್ತಿಲ್ಲದವನು ಹಾಕಿದ ಹತ್ತು ಪಾಯಿಂಟ್‌ಗಳಲ್ಲಿ ಏಳು ಅಥವಾ ಹೆಚ್ಚು ಗೆಲ್ಲುವ ಸಂಭವ ಶೇ 38. ಹತ್ತಕ್ಕೆ ಹತ್ತು ಗೆಲ್ಲುವ ಸಂಭವ ಶೇ 0.6. ಜಿಲ್ಲೆಯಲ್ಲಿ ಇನ್ನೂರು ಜನ ಈ ಕೆಲಸದಲ್ಲಿದ್ದರೆ, ಬರೀ ಅದೃಷ್ಟದಿಂದಲೇ ಒಬ್ಬರು ಹತ್ತಕ್ಕೆ ಹತ್ತು ಗಳಿಸಿ ಪತ್ರಿಕೆಗೆ ಬಂದಾರು. ಉಳಿದ ನೂರ ತೊಂಬತ್ತೊಂಬತ್ತು ಜನರ ಬಗ್ಗೆ ಯಾರೂ ಲೇಖನ ಬರೆಯುವುದಿಲ್ಲ. ಜೊತೆಗೆ ಅನುಭವಸ್ಥರ ಕಣ್ಣು ತಗ್ಗು, ಹಳ್ಳದ ಜಾಡು, ಹಸಿರಾಗಿ ನಿಂತ ಮರ, ಪಕ್ಕದ ಬೋರು ಎಲ್ಲವನ್ನೂ ನೋಡಿಯೇ ಇರುತ್ತದೆ. ಆ ಕಣ್ಣಿಗೆ ಬೆಲೆ ಇದೆ. ಗೆಲುವು ಕಣ್ಣಿನದೋ ಕಾಯಿಯದೋ ಎಂದು ತಿಳಿಯಬೇಕಾದರೆ ಎರಡನ್ನೂ ಬೇರ್ಪಡಿಸಿ ನೋಡಬೇಕು.

ಅದನ್ನು ಒಂದು ದಿನದಲ್ಲಿ ಒಂದು ಶಾಲೆಯ ಮೈದಾನದಲ್ಲೇ ಮಾಡಬಹುದು. ಹತ್ತು ಪಿವಿಸಿ ಪೈಪುಗಳನ್ನು ಎರಡು ಮೀಟರ್ ಅಂತರದಲ್ಲಿ, ಒಂದಡಿ ಆಳದಲ್ಲಿ ಹೂಳಿ. ಒಂದು ಸಣ್ಣ ಪಂಪಿನ ನೀರು ವಾಲ್ವ್ ತಿರುಗಿಸಿದಂತೆ ಹತ್ತರಲ್ಲಿ ಯಾವುದಾದರೂ ಒಂದರಲ್ಲಿ ಮಾತ್ರ ಹರಿಯುವಂತಿರಲಿ. ಪಂಪ್ ಸದಾ ಓಡುತ್ತಿರುವುದರಿಂದ ಸದ್ದಿನಿಂದ ಸುಳಿವು ಸಿಗದು. ಹಿಂದಿನ ದಿನವೇ ಎಲ್ಲ ಪೈಪಿಗೂ ಒತ್ತಡದಲ್ಲಿ ನೀರು ಬಿಟ್ಟು ಸೋರಿಕೆ ನೋಡಿಕೊಳ್ಳಬೇಕು, ಇಲ್ಲದಿದ್ದರೆ ಮಣ್ಣಿನ ತೇವವೇ ಉತ್ತರ ಹೇಳಿಕೊಡುತ್ತದೆ. ವಾಲ್ವ್ ಇರುವ ಜಾಗಕ್ಕೆ ಮರೆ ಕಟ್ಟಿ. ಒಳಗಿನವರು 0ಯಿಂದ 9ರವರೆಗಿನ ಚೀಟಿ ಎತ್ತಿ ಆ ಪೈಪಿಗೆ ನೀರು ತಿರುಗಿಸಿ, ಬರೆದುಕೊಂಡು, ಚೀಟಿಯನ್ನು ಡಬ್ಬಿಗೆ ಮರಳಿ ಹಾಕಬೇಕು. ಹಾಕದಿದ್ದರೆ ಕೊನೆಯ ಸುತ್ತುಗಳಲ್ಲಿ ಉಳಿದದ್ದು ಯಾವುದು ಎಂದು ಎಣಿಸಿಯೇ ಹೇಳಬಹುದು. ನೀರು ನೋಡುವವರ ಜೊತೆ ಓಡಾಡುವವರಿಗೆ ಯಾವ ಪೈಪು ಎಂದು ಗೊತ್ತಿರಕೂಡದು. ಹತ್ತೂ ಸುತ್ತು ಮುಗಿಯುವವರೆಗೆ ಫಲಿತಾಂಶವನ್ನು ಯಾರಿಗೂ ಹೇಳಕೂಡದು.

ಪರೀಕ್ಷೆಗೆ ಮುಂಚೆ ಎರಡು ಕೆಲಸ ಬಿಡಬಾರದು, ಏಕೆಂದರೆ ಮುಂದಿನ ಜಗಳವೆಲ್ಲ ಇವನ್ನು ಬಿಟ್ಟಿದ್ದರಿಂದಲೇ ಹುಟ್ಟುತ್ತದೆ. ಮೊದಲು ನೀರು ನಿಲ್ಲಿಸಿ ಮೈದಾನವನ್ನೆಲ್ಲ ನೀರು ನೋಡುವವರಿಂದಲೇ ಒಮ್ಮೆ ನೋಡಿಸಿ; ನೈಸರ್ಗಿಕ ಸೆಲೆ ಅಡ್ಡ ಬರುತ್ತದೆ ಎಂದರೆ ಜಾಗ ಬದಲಿಸಿ. ಆಮೇಲೆ ಯಾವ ಪೈಪಿನಲ್ಲಿ ನೀರಿದೆ ಎಂದು ಹೇಳಿಯೇ ಕಾಯಿ ನಿಲ್ಲುತ್ತದೆಯೇ ನೋಡಿ. ಈ ಸುತ್ತಿನಲ್ಲಿ ಅದು ನಿಂತೇ ನಿಲ್ಲುತ್ತದೆ. ‘ಇವತ್ತು ಎಲ್ಲ ಸರಿಯಾಗಿದೆ, ಹತ್ತರಲ್ಲಿ ಐದಕ್ಕಿಂತ ಕಡಿಮೆ ಬಂದರೆ ಸೋತೆ ಎಂದು ಒಪ್ಪುತ್ತೇನೆ’ ಎಂದು ಆಗಲೇ ಸಹಿ ಪಡೆಯಿರಿ. ಐದೇ ಏಕೆ? ಬರೀ ಊಹೆಯಿಂದ ಹತ್ತರಲ್ಲಿ ಐದು ಅಥವಾ ಹೆಚ್ಚು ಬರುವ ಸಂಭವ ಸುಮಾರು 600ಕ್ಕೆ 1. ನಿಜವಾಗಿ ಹತ್ತಕ್ಕೆ ಎಂಟು ಹೇಳಬಲ್ಲವರು ಐದಕ್ಕಿಂತ ಕೆಳಗೆ ಬೀಳುವ ಸಂಭವ ಶೇ 0.6 ಮಾತ್ರ. ಇಬ್ಬರಿಗೂ ನ್ಯಾಯ. ಗೆರೆಯನ್ನು ಮೂರಕ್ಕೆ ಇಳಿಸಿದರೆ ನೂರು ಜನರಲ್ಲಿ ಏಳು ಜನ ಅದೃಷ್ಟದಿಂದಲೇ ದಾಟಿಬಿಡುತ್ತಾರೆ.

‘ಪೈಪಿನ ನೀರು ಬೇರೆ, ಭೂಮಿಯ ಸೆಲೆ ಬೇರೆ’ ಎಂದರೆ ಅದಕ್ಕೂ ದಾರಿಯಿದೆ. ಸಮತಟ್ಟಾದ ಉತ್ತ ಹೊಲದಲ್ಲಿ ಕಣ್ಣು ಬಿಟ್ಟುಕೊಂಡು 50 ಮೀಟರ್ ಗೆರೆಯ ಮೇಲೆ ಸೆಲೆ ಎಲ್ಲಿದೆ ಎಂದು ಗುರುತಿಸಲಿ. ಟೇಪಿನಿಂದ ಅಳೆದು ಬರೆದುಕೊಂಡು ಬಾವುಟ ಕಿತ್ತುಬಿಡಿ. ಅನಂತರ ಕಣ್ಣಿಗೆ ಬಟ್ಟೆ ಕಟ್ಟಿ, ಆ ಜಾಗ ತಿಳಿಯದ ಬೇರೊಬ್ಬರ ಕೈಹಿಡಿಸಿ, ಗೆರೆಯ ಬೇರೆ ಬೇರೆ ಕಡೆಯಿಂದ ನಡೆಸಿ. ಹಿಂದಿನ ಗುರುತಿನಿಂದ ಒಂದು ಮೀಟರ್ ಆಚೀಚೆ ಕಾಯಿ ನಿಂತರೆ ಸರಿ ಎಂದು ಲೆಕ್ಕ. ಸುಮ್ಮನೆ ನಿಂತರೆ ಸರಿಹೋಗುವ ಸಂಭವ ಸುಮಾರು ಶೇ 4. ಒಂದಡಿಯೂ ಕೊರೆಯದೆ, ನೀರಿದೆಯೋ ಇಲ್ಲವೋ ಎಂದೂ ನೋಡದೆ ಈ ಪರೀಕ್ಷೆ ಮುಗಿಯುತ್ತದೆ.

ಇಂಥ ಪರೀಕ್ಷೆಗಳು ನಡೆದಿಲ್ಲವೆಂದಲ್ಲ. 1987–88ರಲ್ಲಿ ಮ್ಯೂನಿಕ್ ಬಳಿಯ ಒಂದು ಕೊಟ್ಟಿಗೆಯಲ್ಲಿ ಜರ್ಮನ್ ಸಂಶೋಧಕರು ಸುಮಾರು 500 ಜನರನ್ನು ನೋಡಿ 43 ಜನರನ್ನು ಆರಿಸಿ 843 ಸಲ ಪರೀಕ್ಷಿಸಿದರು. ನೆಲ ಅಂತಸ್ತಿನಲ್ಲಿ ಗಾಡಿಯ ಮೇಲೆ ನೀರಿನ ಪೈಪು, ಮೇಲಂತಸ್ತಿನಲ್ಲಿ ಹತ್ತು ಮೀಟರ್ ಗೆರೆಯ ಮೇಲೆ ನಡೆಯುವ ನೀರು ನೋಡುವವರು. ಕೆಲವರಿಗೆ ನಿಜವಾದ ಶಕ್ತಿ ಇದೆ ಎಂದು ಸಂಶೋಧಕರು ಘೋಷಿಸಿದರು. ಅಮೆರಿಕದ ಜೀವವಿಜ್ಞಾನಿ ಜಿಮ್ ಎನ್‌ರೈಟ್ ಅದೇ ಅಂಕಿಗಳನ್ನು ತೆಗೆದು ಮತ್ತೆ ಲೆಕ್ಕ ಹಾಕಿದಾಗ ಕಂಡದ್ದು: ಪ್ರತಿಸಲವೂ ಕಣ್ಣುಮುಚ್ಚಿ ‘ಗೆರೆಯ ನಟ್ಟನಡುವೆ’ ಎಂದು ಹೇಳುವವನಿಗಿಂತ ಅತ್ಯುತ್ತಮರು ಸರಾಸರಿ 4 ಮಿಲಿಮೀಟರ್ ಮಾತ್ರ ಹತ್ತಿರ ಬಂದಿದ್ದರು. ಹತ್ತು ಮೀಟರಿನಲ್ಲಿ ನಾಲ್ಕು ಮಿಲಿಮೀಟರ್! ಕೆಲವರಷ್ಟೇ ಗೆದ್ದಂತೆ ಕಂಡದ್ದು ಏಕೆ ಎಂಬುದಕ್ಕೆ ಮೇಲಿನ ಇನ್ನೂರು ಜನರ ಲೆಕ್ಕ ನೋಡಿ.

ನಮ್ಮ ದೇಶದಲ್ಲಿ ಜಾತಕಕ್ಕೂ ಇಂಥ ಪರೀಕ್ಷೆ ನಡೆದಿದೆ. ಖಗೋಳವಿಜ್ಞಾನಿ ಜಯಂತ್ ನಾರ್ಳಿಕರ್, ಮೂಢನಂಬಿಕೆ ವಿರುದ್ಧ ಹೋರಾಡಿದ ನರೇಂದ್ರ ದಾಭೋಲ್ಕರ್ ಮತ್ತು ಸಂಗಡಿಗರು ನೂರು ಜಾಣ ವಿದ್ಯಾರ್ಥಿಗಳ, ನೂರು ಬುದ್ಧಿಮಾಂದ್ಯ ಮಕ್ಕಳ ಜಾತಕಗಳನ್ನು ಬೆರೆಸಿ, ಜ್ಯೋತಿಷಿಗಳಿಗೆ ತಲಾ 40 ಕೊಟ್ಟು ಬೇರ್ಪಡಿಸಲು ಹೇಳಿದರು. ಉತ್ತರ ಕಳಿಸಿದ 27 ಜನರ ಸರಾಸರಿ ಶೇ 46. ನಾಣ್ಯ ಚಿಮ್ಮಿದ್ದರೆ ಶೇ 50 ಬರುತ್ತಿತ್ತು. 2009ರಲ್ಲಿ ಬೆಂಗಳೂರಿನಿಂದ ಹೊರಡುವ ವಿಜ್ಞಾನ ಪತ್ರಿಕೆ ‘ಕರೆಂಟ್ ಸೈನ್ಸ್’ನಲ್ಲಿ ಅದು ಪ್ರಕಟವಾಯಿತು. ಆ ಜ್ಯೋತಿಷಿಗಳ ಬಗ್ಗೆ ಒಂದು ಗೌರವದ ಮಾತು ಹೇಳಲೇಬೇಕು: ಅವರು ಪರೀಕ್ಷೆಗೆ ಕೂತರು. 1976ರಲ್ಲಿ ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾಗಿದ್ದ ಎಚ್. ನರಸಿಂಹಯ್ಯನವರು ಪವಾಡಗಳ ತನಿಖೆಗೆ ಸಮಿತಿ ಮಾಡಿ ಪವಾಡ ತೋರಿಸುವವರನ್ನು ಕರೆದಾಗ ಅಷ್ಟು ಸೌಜನ್ಯ ಸಿಗಲಿಲ್ಲ.

ಪತ್ರಿಕೆಗೆ ನನ್ನ ಕೋರಿಕೆ ಇಷ್ಟೇ. ಮುಂದೆ ಇಂಥ ವರದಿ ಬರೆಯುವಾಗ, ತೆಂಗಿನಕಾಯಿಯವರದಾಗಲಿ ಯಂತ್ರದವರದಾಗಲಿ, ರಿಗ್ ಬರುವ ಮುನ್ನವೇ ಒಂದು ಚೀಟಿ ಬರೆಸಿಕೊಳ್ಳಿ: ಎಷ್ಟು ಅಡಿಯೊಳಗೆ, ಎಷ್ಟು ನೀರು, ಎಷ್ಟರವರೆಗೆ ಕೊರೆದೂ ಸಿಗದಿದ್ದರೆ ಸೋಲು. ಅವರು ಈ ವರ್ಷ ಹಾಕಿದ ಎಲ್ಲ ಪಾಯಿಂಟ್‌ಗಳನ್ನು, ಒಣಗಿದ ಬೋರುಗಳ ಸಮೇತ, ಕೇಳಿ ಬರೆಯಿರಿ. ‘ಎರಡಿಂಚು ನೀರು’ ಎಂದು ಬಾಯಿಮಾತಿನಲ್ಲಿ ಬರೆಯಬೇಡಿ. ಕೆಲವರು V ಆಕಾರದ ಕಚ್ಚು ಕೊರೆದ ವಿ-ನಾಚ್ ಹಲಗೆಯಲ್ಲಿ ಅಳೆಯುತ್ತಾರೆ, ಕೆಲವರದು ಕಣ್ಣಂದಾಜು. 90 ಡಿಗ್ರಿಯ ವಿ-ನಾಚ್‌ನಲ್ಲಿ ನೀರು ಒಂದಿಂಚು ಎತ್ತರಕ್ಕೆ ಹರಿದರೆ ಗಂಟೆಗೆ ಸುಮಾರು 500 ಲೀಟರ್, ಎರಡಿಂಚು ಎಂದರೆ 2,900, ಮೂರಿಂಚು ಎಂದರೆ ಹೆಚ್ಚುಕಡಿಮೆ 8,000. ಒಂದಿಂಚಿನ ಹೆಚ್ಚುಕಮ್ಮಿಯಲ್ಲಿ ಸೋಲು ಗೆಲುವಾಗಿಬಿಡುತ್ತದೆ. ಹಾಗಾಗಿ ಲೀಟರಿನಲ್ಲೇ ಬರೆಯಿರಿ, ರಿಗ್ ನಿಲ್ಲಿಸಿದ ಮೇಲೆ ಎಷ್ಟು ಹೊತ್ತಿಗೆ ಅಳೆದದ್ದು ಎಂಬುದನ್ನೂ ಸೇರಿಸಿ.

ಇತಿ,
ಭೂವಿಜ್ಞಾನದ ಒಬ್ಬ ಅಧ್ಯಾಪಕ, ತುಮಕೂರು